ಪಿಎಚ್‌ಡಿ ಮಾಡಲೇಬೇಕಾ? ಸೋಲಾರ್, ಬಯೋಗ್ಯಾಸ್ ವಿಜ್ಞಾನಿ ಆಗಬೇಕೆಂದಿರುವ ಮೂಡಿಗೆರೆಯ ವಿದ್ಯಾರ್ಥಿನಿಗೆ

ಪ್ರಶ್ನೆ: ಮೇಡಂ, ನಮ್ಮದು ಮೂಡಿಗೆರೆ ತಾಲ್ಲೂಕು. ಅಪ್ಪನಿಗೆ ಸ್ವಲ್ಪ ಕಾಫಿ ತೋಟ ಇದೆ. ನಾನು ಹಾಸನದಲ್ಲಿ ಎಂಎಸ್ಸಿ ಫಿಸಿಕ್ಸ್ ಕೊನೆಯ ವರ್ಷ ಓದುತ್ತಿದ್ದೇನೆ. ಸೋಲಾರ್, ಬಯೋಗ್ಯಾಸ್ ಇಂಥ ಕ್ಷೇತ್ರದಲ್ಲಿ ವಿಜ್ಞಾನಿ ಆಗಬೇಕೆಂಬ ಆಸೆ. ಅದಕ್ಕೆ ಪಿಎಚ್‌ಡಿ ಮಾಡಲೇಬೇಕಾ? ಯೂನಿವರ್ಸಿಟಿ ಒಳ್ಳೆಯದಾ, ಸರ್ಕಾರಿ ಸಂಸ್ಥೆ ಒಳ್ಳೆಯದಾ? ಮನೆಯಲ್ಲಿ ಬಿಎಡ್ ಮಾಡು, ಇಲ್ಲಾಂದ್ರೆ ಕೆಎಎಸ್ ಬರಿ ಅಂತಾರೆ. ಇಷ್ಟೆಲ್ಲ ಓದಿದ ಮೇಲೆ ನಮ್ಮ ಕಡೆಯೇ ಕೆಲಸ ಸಿಗುತ್ತದಾ?

ಉತ್ತರ: ಸುತ್ತಿ ಬಳಸದೆ ಹೇಳಿಬಿಡುತ್ತೇನೆ. ವಿಜ್ಞಾನಿ ಅನ್ನುವ ಹುದ್ದೆಗೆ ಸೇರಲು ಪಿಎಚ್‌ಡಿ ಕಡ್ಡಾಯ ಅಲ್ಲ. ಕೇಂದ್ರ ಸರ್ಕಾರದಲ್ಲಿ ವಿಜ್ಞಾನಿಗಳ ಮೊದಲ ಮೆಟ್ಟಿಲಾದ ಸೈಂಟಿಸ್ಟ್ ಬಿ ಹುದ್ದೆಗಳಿಗೆ ಎಷ್ಟೋ ಕಡೆ ಎಂಎಸ್ಸಿ ಅಥವಾ ಬಿಇ ಸಾಕು. ಆದರೂ ನಿಮಗೆ ಪಿಎಚ್‌ಡಿ ಮಾಡಿ ಅಂತಲೇ ಹೇಳುತ್ತೇನೆ. ಯೂನಿವರ್ಸಿಟಿಯೋ ಸರ್ಕಾರವೋ ಅನ್ನುವುದನ್ನು ಮಾತ್ರ ಈಗಲೇ ತೀರ್ಮಾನ ಮಾಡಬೇಡಿ. ನಾನು ಮೊದಲು ಕೇಂದ್ರ ಸರ್ಕಾರದ ಒಂದು ಪರೀಕ್ಷಾ ಪ್ರಯೋಗಾಲಯದಲ್ಲಿದ್ದೆ. ಆಮೇಲೆ ಹಾಸನಕ್ಕೆ ಬಂದು ಇಂಜಿನಿಯರಿಂಗ್ ಕಾಲೇಜಿನಲ್ಲಿ ಪಾಠ ಮಾಡಿದೆ. ಎರಡು ಕಡೆಯೂ ಉಪಯೋಗಕ್ಕೆ ಬಂದದ್ದು ಒಂದೇ: ಒಂದು ವಿಷಯವನ್ನು ಸರಿಯಾಗಿ ಅಳೆಯಲು ಕಲಿತದ್ದು. ಕುರ್ಚಿ ಬದಲಾದಾಗಲೂ ಅದು ಜೊತೆಗೆ ಬಂತು.

ಅಣ್ಣಾ ಮಣಿ ಅವರ ಹೆಸರು ಕೇಳಿದ್ದೀರಾ? ಫಿಸಿಕ್ಸ್ ಓದುವ ಹುಡುಗಿಯರಿಗೆ ಮೊದಲ ವರ್ಷದಲ್ಲೇ ಹೇಳಬೇಕಾದ ಹೆಸರು. ಅವರು ಹುಟ್ಟಿದ್ದು 1918ರಲ್ಲಿ, ಕೇರಳದ ಪೀರುಮೇಡಿನಲ್ಲಿ. ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯಲ್ಲಿ (ಐಐಎಸ್‌ಸಿ) ಸಿ.ವಿ. ರಾಮನ್ ಅವರ ಕೈಕೆಳಗೆ ವಜ್ರ, ಮಾಣಿಕ್ಯಗಳ ಮೇಲೆ ಬೆಳಕು ಬಿದ್ದಾಗ ಏನಾಗುತ್ತದೆ ಎಂದು ಸಂಶೋಧನೆ ಮಾಡಿದರು. ಥೀಸಿಸ್ ಬರೆದು ಮದ್ರಾಸ್ ವಿಶ್ವವಿದ್ಯಾಲಯಕ್ಕೆ ಸಲ್ಲಿಸಿದರು. ಎಂಎಸ್ಸಿ ಮಾಡಿಲ್ಲ ಅನ್ನುವ ಕಾರಣಕ್ಕೆ ಅವರಿಗೆ ಪಿಎಚ್‌ಡಿ ಕೊಡಲಿಲ್ಲ! ಅವರು ಅದನ್ನೇ ಹಿಡಿದು ಕೂರಲಿಲ್ಲ. ಲಂಡನ್ನಿಗೆ ಹೋಗಿ ಹವಾಮಾನ ಅಳೆಯುವ ಉಪಕರಣಗಳ ಬಗ್ಗೆ ಕಲಿತು, 1948ರಲ್ಲಿ ಪುಣೆಯಲ್ಲಿ ಭಾರತೀಯ ಹವಾಮಾನ ಇಲಾಖೆ ಸೇರಿದರು. ಅಲ್ಲಿಯವರೆಗೆ ಹೊರಗಿನಿಂದ ತರಿಸುತ್ತಿದ್ದ ಉಪಕರಣಗಳನ್ನು ಇಲ್ಲೇ ತಯಾರಿಸಿದರು. 1957-58ರಲ್ಲಿ ದೇಶದ ಹಲವೆಡೆ ಬಿಸಿಲಿನ ಶಕ್ತಿ ಅಳೆಯುವ ಕೇಂದ್ರಗಳನ್ನು ನಿಲ್ಲಿಸಿದರು. ಸರ್ಕಾರಿ ಸೇವೆಯಿಂದ ನಿವೃತ್ತಿಯಾದದ್ದು 1976ರಲ್ಲಿ. ಆಮೇಲೆ ಬೆಂಗಳೂರಿನ ರಾಮನ್ ಸಂಶೋಧನಾ ಸಂಸ್ಥೆಗೆ ಬಂದರು. 1980 ಮತ್ತು 1981ರಲ್ಲಿ ಭಾರತದ ಸೌರ ವಿಕಿರಣದ ಅಂಕಿಅಂಶಗಳ ಎರಡು ದಪ್ಪ ಸಂಪುಟಗಳನ್ನು ಹೊರತಂದರು. ಆಮೇಲೆ ಗಾಳಿಯ ಸಮೀಕ್ಷೆಗೆ ಕೈ ಹಾಕಿದರು. ಸೋಲಾರ್ ಪ್ಯಾನೆಲ್ ಎಲ್ಲಿ ಹಾಕಬೇಕು, ಗಾಳಿಯಂತ್ರ ಎಲ್ಲಿ ನಿಲ್ಲಿಸಬೇಕು ಅನ್ನುವ ಲೆಕ್ಕಕ್ಕೆ ನಮ್ಮ ದೇಶದಲ್ಲಿ ಬುನಾದಿ ಹಾಕಿದವರಲ್ಲಿ ಅವರು ಮೊದಲಿಗರು.

ಎದುರು ದಿಕ್ಕಿನಲ್ಲಿ ನಡೆದವರು ಅಮೂಲ್ಯ ರೆಡ್ಡಿ. ಅವರು ಎಲೆಕ್ಟ್ರೋಕೆಮಿಸ್ಟ್ರಿಯ ಪ್ರೊಫೆಸರ್. ಬ್ಯಾಟರಿ, ಲೋಹ, ದ್ರಾವಣ ಅವರ ಲೋಕ. ಅಂಥವರು 1974ರಲ್ಲಿ ಐಐಎಸ್‌ಸಿಯಲ್ಲಿ ಹಳ್ಳಿಗಳಿಗಾಗಿ 'ಅಸ್ತ್ರ' ಅನ್ನುವ ಕೇಂದ್ರ ಶುರು ಮಾಡಿದರು. ನಿಮ್ಮ ಅಜ್ಜಿ ಮನೆಯಲ್ಲಿ ಸೌದೆ ಉಳಿಸುವ ಅಸ್ತ್ರ ಒಲೆ ಇದ್ದಿರಬಹುದು, ಕೇಳಿ ನೋಡಿ. ಅದು ಅಲ್ಲಿಂದಲೇ ಬಂದದ್ದು. ಮುಂದೆ ಅವರು ಕರ್ನಾಟಕ ರಾಜ್ಯ ವಿಜ್ಞಾನ ಮತ್ತು ತಂತ್ರಜ್ಞಾನ ಮಂಡಳಿಯ ಕಾರ್ಯದರ್ಶಿಯೂ ಆದರು. ರಾಜ್ಯಕ್ಕೆ ಎಷ್ಟು ಕರೆಂಟ್ ಬೇಕು ಅನ್ನುವ ಸರ್ಕಾರದ ಲೆಕ್ಕವನ್ನೇ ಪ್ರಶ್ನಿಸಿದರು.

ಅಸ್ತ್ರದ ಕೆಲಸಗಳಲ್ಲಿ ನನಗೆ ಬಹಳ ಇಷ್ಟ ಕುಣಿಗಲ್ ತಾಲ್ಲೂಕಿನ ಪುರ ಅನ್ನುವ ಹಳ್ಳಿಯ ಕಥೆ. ಅಲ್ಲಿ ಊರಿಗೆಲ್ಲ ಸೇರಿ ಒಂದು ಗೋಬರ್ ಗ್ಯಾಸ್ ಸ್ಥಾವರ ಕಟ್ಟಿದರು. ಅಡುಗೆಗೆ ಗ್ಯಾಸ್ ಕೊಡುವುದು ಮೊದಲ ಯೋಜನೆ. ಅದು ನಡೆಯಲಿಲ್ಲ. ಊರಿನ ಸಗಣಿ ಎಲ್ಲಾ ಮನೆಯ ಅಡುಗೆಗೆ ಸಾಕಾಗಲಿಲ್ಲ. ಜನರಿಗೂ ಅದರ ತುರ್ತು ಇರಲಿಲ್ಲ, ಸೌದೆ ಹೇಗೂ ದುಡ್ಡಿಲ್ಲದೆ ಸಿಗುತ್ತಿತ್ತು. ಅವರಿಗೆ ಬೇಕಿದ್ದದ್ದು ಕುಡಿಯುವ ನೀರು. ಆಗ ವಿಜ್ಞಾನಿಗಳು ಅದೇ ಗ್ಯಾಸಿನಿಂದ ಇಂಜಿನ್ ಓಡಿಸಿ, ಕರೆಂಟ್ ತೆಗೆದು, ಕೊಳವೆ ಬಾವಿಯಿಂದ ನೀರೆತ್ತಿ ಮನೆಮನೆಗೆ ನಲ್ಲಿ ಕೊಟ್ಟರು. ಮನೆಗಳಿಗೆ ದೀಪವೂ ಬಂತು. ಆಗ ಊರಿನವರು ಸಗಣಿ ತಂದು ಹಾಕಿದರು. ಸ್ಥಾವರ ವರ್ಷಗಟ್ಟಲೆ ನಡೆಯಿತು. ಮೊದಲ ಸಲ ನಿಂತುಹೋದಾಗ ಜನಕ್ಕೆ ತಿಳಿವಳಿಕೆ ಇಲ್ಲ ಅಂತ ಷರಾ ಬರೆದು ಕಡತ ಮುಚ್ಚುವುದು ಸುಲಭವಿತ್ತು. ಅವರು ಸಗಣಿ ಎಷ್ಟು, ಸೌದೆ ಎಷ್ಟು, ನೀರಿಗೆ ಹೆಂಗಸರು ಎಷ್ಟು ದೂರ ಹೋಗುತ್ತಾರೆ ಅಂತ ಅಳೆದರು. ಪಿಎಚ್‌ಡಿ ಮಾಡಿ ಅಂತ ನಾನು ಹೇಳುವುದು ಈ ಅಭ್ಯಾಸಕ್ಕಾಗಿ. ಒಂದೇ ಪ್ರಶ್ನೆಯ ಜೊತೆ ನಾಲ್ಕೈದು ವರ್ಷ ಇರಲು, ಬಂದ ಅಳತೆ ತಪ್ಪಿರಬಹುದೇ ಎಂದು ಅನುಮಾನಿಸಲು ನಿಮಗೆ ಬಿಡುವು ಕೊಡುವ ಜಾಗ ಬೇರೆ ಇಲ್ಲ. ನೌಕರಿಗೆ ಸೇರಿದ ಮೇಲಂತೂ ಸಿಗುವುದಿಲ್ಲ.

ಇನ್ನು ಸರ್ಕಾರಿ ಕೆಲಸ ಹೇಗಿರುತ್ತದೆ ಅಂತ. ಇಲ್ಲಿ ಒಂದು ಗೊಂದಲ ಮೊದಲು ತೀರಿಸಿಕೊಳ್ಳಿ. ಹೆಸರಲ್ಲಿ ಸೋಲಾರ್ ಇದೆ ಅಂದ ಮಾತ್ರಕ್ಕೆ ಅಲ್ಲಿ ಸಂಶೋಧನೆ ನಡೆಯುತ್ತದೆ ಅಂತಲ್ಲ. ಸೆಕಿ ಟೆಂಡರ್ ಕರೆಯುವ ಕಂಪನಿ. ಇರೆಡಾ ಸಾಲ ಕೊಡುವ ಕಂಪನಿ. ನಮ್ಮ ರಾಜ್ಯದ ಕ್ರೆಡಲ್ ಯೋಜನೆಗಳನ್ನು ನಡೆಸುವ ಸಂಸ್ಥೆ. ಎಲ್ಲವೂ ಬೇಕಾದ ಕೆಲಸಗಳೇ. ಆದರೆ ನಿಮಗೆ ಪ್ರಯೋಗ ಮಾಡಬೇಕು ಅಂತಿದ್ದರೆ ನೋಡಬೇಕಾದದ್ದು ಬೇರೆ ಕಡೆ. ಸೋಲಾರ್‌ಗೆ ಗುರುಗ್ರಾಮದ ಹತ್ತಿರ ರಾಷ್ಟ್ರೀಯ ಸೌರಶಕ್ತಿ ಸಂಸ್ಥೆ ಇದೆ. ಗಾಳಿಗೆ ಚೆನ್ನೈನಲ್ಲಿ ರಾಷ್ಟ್ರೀಯ ಪವನಶಕ್ತಿ ಸಂಸ್ಥೆ. ಜೈವಿಕ ಇಂಧನಕ್ಕೆ ಪಂಜಾಬಿನ ಕಪೂರ್ತಲದಲ್ಲಿ ಸರ್ದಾರ್ ಸ್ವರಣ್ ಸಿಂಗ್ ಹೆಸರಿನ ಸಂಸ್ಥೆ. ಬ್ಯಾಟರಿಗೆ ತಮಿಳುನಾಡಿನ ಕಾರೈಕುಡಿಯಲ್ಲಿ ಸಿಎಸ್‌ಐಆರ್ (ಕೇಂದ್ರದ ವಿಜ್ಞಾನ ಮತ್ತು ಕೈಗಾರಿಕಾ ಸಂಶೋಧನಾ ಮಂಡಳಿ) ಪ್ರಯೋಗಾಲಯ. ಬೆಂಗಳೂರಿನಲ್ಲೇ ಕೇಂದ್ರೀಯ ವಿದ್ಯುತ್ ಸಂಶೋಧನಾ ಸಂಸ್ಥೆ, ಸಿಪಿಆರ್‌ಐ ಇದೆ. ಇವುಗಳ ಜೊತೆಗೆ ದೆಹಲಿಯಲ್ಲಿ ಕೇಂದ್ರದ ನವೀಕರಿಸಬಹುದಾದ ಇಂಧನ ಸಚಿವಾಲಯದಲ್ಲೂ ವಿಜ್ಞಾನಿಗಳ ಹುದ್ದೆಗಳಿವೆ.

ಪ್ರಯೋಗಾಲಯದ ದಿನ ಹೇಗಿರುತ್ತದೆ ಅಂತ ಒಂದು ಉದಾಹರಣೆ ಕೊಡುತ್ತೇನೆ. ಪ್ಯಾನೆಲ್ ಹಿಂದೆ 540 ವ್ಯಾಟ್ ಅಂತ ಬರೆದಿರುತ್ತದೆ. ಅದು ಪ್ಯಾನೆಲ್ಲಿನ ಸೆಲ್ಲುಗಳು 25 ಡಿಗ್ರಿಯಲ್ಲಿದ್ದಾಗ, ಪ್ರತಿ ಚದರ ಮೀಟರಿಗೆ 1000 ವ್ಯಾಟ್ ಬೆಳಕು ಬಿದ್ದಾಗ ಬರುವ ಅಂಕಿ. ಅರಸೀಕೆರೆಯ ತಾರಸಿಯ ಮೇಲೆ ಏಪ್ರಿಲ್ ಮಧ್ಯಾಹ್ನ ಸೆಲ್ಲಿನ ಬಿಸಿ ಸುಮ್ನೆ 60 ಡಿಗ್ರಿಗೆ ಹೋಗುತ್ತದೆ. ಸಿಲಿಕಾನ್ ಪ್ಯಾನೆಲ್ ಪ್ರತಿ ಡಿಗ್ರಿಗೆ ಹೆಚ್ಚುಕಮ್ಮಿ 0.35 ಶೇಕಡ ಶಕ್ತಿ ಕಳೆದುಕೊಳ್ಳುತ್ತದೆ. 35 ಡಿಗ್ರಿ ಜಾಸ್ತಿ ಆದರೆ ಸುಮಾರು 12 ಶೇಕಡ ಹೋಯಿತು. 540ರ ಜಾಗದಲ್ಲಿ 475 ಆಸುಪಾಸು. ಧೂಳು ಕೂತರೆ ಇನ್ನೂ ಕಡಿಮೆ. ಯಾವ ಕಂಪನಿಯ ಪ್ಯಾನೆಲ್ ಎಷ್ಟು ಕಳೆದುಕೊಳ್ಳುತ್ತದೆ, ತೇವದಲ್ಲಿ ವರ್ಷಗಟ್ಟಲೆ ಇಟ್ಟರೆ ಏನಾಗುತ್ತದೆ ಅಂತ ನೋಡುವುದೇ ಕೆಲಸ. ಹೊರಗಿನವರಿಗೆ ಬೇಸರದ ಕೆಲಸ ಅನ್ನಿಸಬಹುದು. ಆದರೆ ಅಲ್ಲಿ ಬರುವ ಒಂದು ಅಂಕಿ ಮಾನದಂಡದೊಳಗೆ ಹೋದರೆ ದೇಶದ ಎಲ್ಲ ತಾರಸಿಗೂ ತಟ್ಟುತ್ತದೆ. ನನ್ನ ಯಾವ ಪೇಪರಿಗೂ ಆ ಶಕ್ತಿ ಇರಲಿಲ್ಲ.

ಸಚಿವಾಲಯದ ವಿಜ್ಞಾನಿಯ ಕೆಲಸದಲ್ಲಿ ಕಡತವೇ ಜಾಸ್ತಿ. ಯೋಜನೆಯ ಮಾರ್ಗಸೂಚಿ ಬರೆಯುವುದು, ರಾಜ್ಯಗಳ ಪ್ರಸ್ತಾವನೆ ನೋಡುವುದು, ಅಧಿವೇಶನ ಇದ್ದಾಗ ಸಂಸದರ ಪ್ರಶ್ನೆಗೆ ಉತ್ತರ ತಯಾರಿಸುವುದು. ಆ ದಿನಗಳಲ್ಲಿ ಊಟದ ಹೊತ್ತಿಗೆ ಪ್ರಶ್ನೆ ಬಂದರೆ ಸಂಜೆಯೊಳಗೆ ಅಂಕಿ ಬೇಕು. ಅಧಿಕಾರ ಹತ್ತಿರ ಇರುತ್ತದೆ, ಪ್ರಯೋಗ ದೂರ ಇರುತ್ತದೆ. ಎಂಎಸ್ಸಿ ಮುಗಿದ ಕೂಡಲೇ ನೇರ ಇಲ್ಲಿಗೆ ಹೋಗಬೇಡಿ ಅನ್ನುವುದು ನನ್ನ ಸ್ವಂತ ಅಭಿಪ್ರಾಯ. ಕೈಯಿಂದ ಏನೂ ಮಾಡಿರದವರು ಮಾರ್ಗಸೂಚಿ ಬರೆದರೆ ಅದು ಹೇಗಿರುತ್ತದೆ ಅಂತ ಸೋಲಾರ್ ಪಂಪಿಗೆ ಅರ್ಜಿ ಹಾಕಿದ ಯಾವ ರೈತರನ್ನಾದರೂ ಕೇಳಿ.

ಸರ್ಕಾರಿ ವಿಜ್ಞಾನಕ್ಕೆ ಇನ್ನೊಂದು ಅಪಾಯ ಇದೆ. ದುಡ್ಡು ರಾಜಕೀಯದ ಜೊತೆ ಬರುತ್ತದೆ, ರಾಜಕೀಯದ ಜೊತೆಯೇ ಹೋಗುತ್ತದೆ. ಅಮೆರಿಕದಲ್ಲಿ 1977ರಲ್ಲಿ ಕೊಲೊರಾಡೊದ ಗೋಲ್ಡನ್ ಅನ್ನುವ ಊರಿನಲ್ಲಿ ಸೌರಶಕ್ತಿಗೆಂದೇ ರಾಷ್ಟ್ರೀಯ ಸಂಸ್ಥೆ ಶುರುವಾಯಿತು. 1981ರಲ್ಲಿ ರೇಗನ್ ಸರ್ಕಾರ ಬಂತು. ಬಜೆಟ್ಟಿಗೆ ದೊಡ್ಡ ಕತ್ತರಿ ಬಿತ್ತು, ನಿರ್ದೇಶಕ ಡೆನಿಸ್ ಹೇಯ್ಸ್ ಅವರನ್ನು ತೆಗೆದರು, ಎಷ್ಟೋ ವಿಜ್ಞಾನಿಗಳು ಕೆಲಸ ಕಳೆದುಕೊಂಡರು. ಅದೇ ಸಂಸ್ಥೆ 1991ರಲ್ಲಿ ರಾಷ್ಟ್ರೀಯ ಪ್ರಯೋಗಾಲಯವಾಗಿ ಎನ್‌ಆರ್‌ಇಎಲ್ ಅನ್ನುವ ಹೆಸರು ಪಡೆಯಿತು. ನಮ್ಮಲ್ಲಿ ಅಂಥ ಏಟು ಬಿದ್ದಿಲ್ಲ. ನವೀಕರಿಸಬಹುದಾದ ಇಂಧನ ಸಚಿವಾಲಯ 1982ರಲ್ಲಿ ಒಂದು ಇಲಾಖೆಯಾಗಿ ಶುರುವಾಗಿ, 1992ರಲ್ಲಿ ಸಚಿವಾಲಯವಾಗಿ, 2006ರಲ್ಲಿ ಈಗಿನ ಹೆಸರು ಪಡೆದು ನಿಧಾನಕ್ಕೆ ಬೆಳೆದಿದೆ. ಆದರೆ ಒಂದು ವರ್ಷ ಎಲ್ಲರ ಬಾಯಲ್ಲೂ ಜೈವಿಕ ಡೀಸೆಲ್, ಇನ್ನೊಂದು ವರ್ಷ ಹಸಿರು ಹೈಡ್ರೋಜನ್. 2023ರ ಜನವರಿಯಲ್ಲಿ ಕೇಂದ್ರ ಸಂಪುಟ ಹೈಡ್ರೋಜನ್ ಮಿಷನ್‌ಗೆ 19,744 ಕೋಟಿ ರೂಪಾಯಿಗೆ ಒಪ್ಪಿಗೆ ಕೊಟ್ಟಿತು. ಆಮೇಲೆ ನನಗೆ ಬಂದ ಪ್ರಾಜೆಕ್ಟ್ ಪ್ರಸ್ತಾವನೆಗಳಲ್ಲೆಲ್ಲ ಹೈಡ್ರೋಜನ್ ಹೇಗೋ ನುಸುಳಿಕೊಂಡಿತ್ತು! ದುಡ್ಡಿರುವ ಕಡೆ ವಿಷಯ ಹೋಗುವುದು ಸಹಜ. ಆದರೆ ನಿಮ್ಮ ಅಡಿಪಾಯ ಅಷ್ಟು ಬೇಗ ಬದಲಾಗಬಾರದು. ಶಾಖ, ವಿದ್ಯುತ್, ದ್ರವ್ಯದ ಗುಣ, ಅಳತೆ, ಇವು ಗಟ್ಟಿ ಇದ್ದರೆ ಹೆಸರು ಏನೇ ಆಗಲಿ ಕೆಲಸ ಇರುತ್ತದೆ.

ಕಾಲೇಜು, ಯೂನಿವರ್ಸಿಟಿ ಬಗ್ಗೆ ಜಾಸ್ತಿ ಹೇಳಬೇಕಿಲ್ಲ, ನೀವೇ ನೋಡುತ್ತಿದ್ದೀರಿ. ಯುಜಿಸಿ ನಿಯಮದಲ್ಲಿ ಅಸಿಸ್ಟೆಂಟ್ ಪ್ರೊಫೆಸರಿಗೆ ವಾರಕ್ಕೆ 16 ಗಂಟೆ ಪಾಠ. ಅದರ ಮೇಲೆ ಪರೀಕ್ಷೆ, ಮೌಲ್ಯಮಾಪನ, ಕಾಲೇಜಿನ ಗುಣಮಟ್ಟ ನೋಡುವ ನ್ಯಾಕ್ ತಂಡ ಬಂದರೆ ಫೈಲುಗಳ ರಾಶಿ. ಉಳಿದ ಹೊತ್ತಿನಲ್ಲಿ ಸಂಶೋಧನೆ. ಐಐಎಸ್‌ಸಿ, ಐಐಟಿಗಳಲ್ಲಿ ಪರಿಸ್ಥಿತಿ ಬೇರೆ, ಆದರೆ ಅಲ್ಲಿ ಕುರ್ಚಿ ಕಡಿಮೆ. ಸಣ್ಣ ಊರಿನ ಕಾಲೇಜಿಗೂ ಒಂದು ಲಾಭ ಇದೆ. ಪ್ರತಿ ವರ್ಷ ಹೊಸ ಹುಡುಗ ಹುಡುಗಿಯರು ಬರುತ್ತಾರೆ, ಅವರಲ್ಲಿ ಯಾರಾದರೂ ಇಬ್ಬರಿಗೆ ಹುಚ್ಚು ಹಿಡಿಯುತ್ತದೆ. ರಾಜ್ಯ ವಿಜ್ಞಾನ ಮಂಡಳಿ ವಿದ್ಯಾರ್ಥಿಗಳ ಪ್ರಾಜೆಕ್ಟಿಗೆ ಸಣ್ಣ ಮೊತ್ತ ಕೊಡುವ ಯೋಜನೆಯನ್ನು 1977ರಿಂದ ನಡೆಸುತ್ತಿದೆ. ಹಾಸನದಲ್ಲಿ ನಾನು ನೋಡಿದ ಒಳ್ಳೆಯ ಕೆಲಸಗಳಲ್ಲಿ ಕೆಲವು ಆ ಸಣ್ಣ ದುಡ್ಡಿನಲ್ಲೇ ಆದವು.

ಮನೆಯವರಿಗೆ ಹೇಳಲು ಲೆಕ್ಕ ಬೇಕಲ್ಲ. ಸಿಎಸ್‌ಐಆರ್ ನೆಟ್ ಪರೀಕ್ಷೆ ಬರೆದು ಜೆಆರ್‌ಎಫ್ (ಸಂಶೋಧನೆ ಮಾಡುವವರಿಗೆ ಕೊಡುವ ಫೆಲೋಶಿಪ್) ಸಿಕ್ಕರೆ 2023ರ ಜನವರಿಯಿಂದ ಜಾರಿಯಲ್ಲಿರುವ ದರದಲ್ಲಿ ತಿಂಗಳಿಗೆ 37,000 ರೂಪಾಯಿ, ಎರಡು ವರ್ಷದ ಮೇಲೆ 42,000. ಮನೆ ಬಾಡಿಗೆ ಭತ್ಯೆ ಬೇರೆ. ಅಂದರೆ ಪಿಎಚ್‌ಡಿ ಮಾಡುವಾಗ ಅಪ್ಪನ ಹತ್ತಿರ ಕೈಚಾಚಬೇಕಿಲ್ಲ. ಏಳನೇ ವೇತನ ಆಯೋಗದ ಪ್ರಕಾರ ಸೈಂಟಿಸ್ಟ್ ಬಿ ಮೂಲ ವೇತನ 56,100ರಿಂದ ಶುರು. ಯುಜಿಸಿ ಸ್ಕೇಲಿನ ಅಸಿಸ್ಟೆಂಟ್ ಪ್ರೊಫೆಸರಿಗೆ 57,700. ಹೆಚ್ಚು ವ್ಯತ್ಯಾಸ ಇಲ್ಲ, ಅಲ್ವಾ? ವ್ಯತ್ಯಾಸ ಇರುವುದು ಬಡ್ತಿಯಲ್ಲಿ. ಕೇಂದ್ರದ ವಿಜ್ಞಾನಿಗಳಿಗೆ ಮೇಲಿನ ಹುದ್ದೆ ಖಾಲಿ ಆಗುವವರೆಗೆ ಕಾಯುವ ಗೋಳಿಲ್ಲ. ಬಿ ಇಂದ ಸಿ ಗೆ 3 ವರ್ಷ, ಸಿ ಇಂದ ಡಿ ಗೆ 4 ವರ್ಷ ಆದ ಮೇಲೆ ಕೆಲಸ ನೋಡಿ, ಸಂದರ್ಶನ ಮಾಡಿ ಬಡ್ತಿ ಕೊಡುತ್ತಾರೆ. ಖಾಸಗಿ ಕಾಲೇಜುಗಳಲ್ಲಿ ಯುಜಿಸಿ ಸ್ಕೇಲ್ ಎಲ್ಲ ಕಡೆ ಕೊಡುವುದಿಲ್ಲ, ಸೇರುವ ಮುಂಚೆ ಕಾಗದದಲ್ಲಿ ನೋಡಿಕೊಳ್ಳಿ. ಅತಿಥಿ ಉಪನ್ಯಾಸಕರಾಗಿಯೇ ವರ್ಷಗಳನ್ನು ಕಳೆದವರು ನಿಮ್ಮ ಕಾಲೇಜಿನಲ್ಲೇ ಇರುತ್ತಾರೆ. ಅವರ ಜೊತೆ ಒಂದು ಸಂಜೆ ಕೂತು ಮಾತಾಡಿ. ಕಾಯಂ ಹುದ್ದೆ ಸಿಗುವ ಹೊತ್ತಿಗೆ ನಿಮಗೆ 30 ದಾಟಿರುತ್ತದೆ ಅನ್ನುವುದನ್ನೂ ಮನೆಯಲ್ಲಿ ಮುಚ್ಚಿಡಬೇಡಿ. ಅಪ್ಪ ಕಾಫಿ ಬೆಳೆಗಾರರು, ಗಿಡ ನೆಟ್ಟ ವರ್ಷವೇ ಫಸಲು ಕೇಳುವವರಲ್ಲ.

ಇಷ್ಟೆಲ್ಲದರಲ್ಲೂ ನೀವು ಕೇಳದೇ ಬಿಟ್ಟ ಪ್ರಶ್ನೆಯೇ ಮುಖ್ಯ. ಯಾವ ವಿಷಯ? ನಿಮ್ಮ ಪತ್ರದಲ್ಲಿ 'ಸೋಲಾರ್, ಬಯೋಗ್ಯಾಸ್ ಇಂಥ ಕ್ಷೇತ್ರ' ಅಂತ ಇದೆ. ಅಷ್ಟು ಸಾಲದು. ಒಂದನ್ನು ಹಿಡಿಯಿರಿ. ಹುಡುಕಲು ದೂರ ಹೋಗಬೇಕಾಗಿಯೂ ಇಲ್ಲ.

ಡಿಸೆಂಬರಿನಿಂದ ಫೆಬ್ರವರಿವರೆಗೆ ನಿಮ್ಮ ಸುತ್ತಲಿನ ತೋಟಗಳಲ್ಲಿ ಕಾಫಿ ಹಣ್ಣು ಪಲ್ಪಿಂಗ್ ಆಗುತ್ತದೆ, ಅಂದರೆ ಹಣ್ಣಿನ ಸಿಪ್ಪೆ ಸುಲಿದು ಬೀಜ ತೊಳೆಯುತ್ತಾರೆ. ಆ ತೊಳೆದ ನೀರಿನಲ್ಲಿ ಹಣ್ಣಿನ ಲೋಳೆ, ಸಕ್ಕರೆ ಎಲ್ಲ ಸೇರಿರುತ್ತದೆ. ಎರಡು ದಿನ ನಿಂತರೆ ಹುಳಿ ಬಂದು ಪಿಎಚ್ (ಹುಳಿಯ ಅಳತೆ, ಅಂಕಿ ಇಳಿದಷ್ಟೂ ಹುಳಿ ಜಾಸ್ತಿ) 4ರ ಹತ್ತಿರ ಇಳಿಯುತ್ತದೆ, ನಾತ ಹೊಡೆಯುತ್ತದೆ. ಹೊಳೆಗೆ ಬಿಟ್ಟರೆ ನೀರಿನ ಆಮ್ಲಜನಕ ತಿಂದುಹಾಕುತ್ತದೆ. ಹೇಮಾವತಿ ಹುಟ್ಟುವುದೇ ನಿಮ್ಮ ತಾಲ್ಲೂಕಿನಲ್ಲಿ ಅನ್ನುವುದು ನೆನಪಿರಲಿ. ಅದೇ ಸಕ್ಕರೆ ಬಯೋಗ್ಯಾಸಿಗೆ ಒಳ್ಳೆಯ ಮೇವು. ಹಾಗಾದರೆ ಎಲ್ಲ ತೋಟದಲ್ಲೂ ಯಾಕೆ ಗ್ಯಾಸ್ ತೆಗೆಯುತ್ತಿಲ್ಲ? ಒಂದು, ಹುಳಿ ನೀರಿನಲ್ಲಿ ಮೀಥೇನ್ ಮಾಡುವ ಸೂಕ್ಷ್ಮಜೀವಿಗಳು ಬದುಕುವುದಿಲ್ಲ, ಸುಣ್ಣ ಹಾಕಬೇಕು. ಎರಡು, ನೀರು ಬರುವುದು ಎರಡು ಮೂರು ತಿಂಗಳು ಮಾತ್ರ. ಉಳಿದ ತಿಂಗಳು ಆ ಜೀವಿಗಳಿಗೆ ಏನು ಹಾಕಿ ಸಾಕುತ್ತೀರಿ? ಮೂರು, ಸಣ್ಣ ಬೆಳೆಗಾರರಿಗೆ ಕಟ್ಟುವ ಖರ್ಚು ಹೊರೆ. ಮೂರೂ ಪಿಎಚ್‌ಡಿ ಪ್ರಶ್ನೆಗಳೇ. ಬಾಳೆಹೊನ್ನೂರಿನ ಕೇಂದ್ರೀಯ ಕಾಫಿ ಸಂಶೋಧನಾ ಸಂಸ್ಥೆ 1925ರಿಂದ ಇದೆ, ಒಂದು ದಿನ ಹೋಗಿ ಬನ್ನಿ.

ಬಯೋಗ್ಯಾಸ್ ಬೇಡ, ಶುದ್ಧ ಫಿಸಿಕ್ಸ್ ಹತ್ತಿರ ಇರಬೇಕು ಅಂದರೆ ಹಳ್ಳದ ನೀರು ಇದೆ. ಮಲೆನಾಡಿನ ಎಷ್ಟೋ ಒಂಟಿ ಮನೆಗಳಲ್ಲಿ ಪೈಪಿನಲ್ಲಿ ನೀರು ಇಳಿಸಿ ಸಣ್ಣ ಟರ್ಬೈನ್ ತಿರುಗಿಸಿ ಕರೆಂಟ್ ಮಾಡಿಕೊಂಡಿದ್ದಾರೆ. ಸೆಕೆಂಡಿಗೆ 5 ಲೀಟರ್ ನೀರು 30 ಮೀಟರ್ ಎತ್ತರದಿಂದ ಬಿದ್ದರೆ ಲೆಕ್ಕಕ್ಕೆ ಸುಮಾರು 1.5 ಕಿಲೋವ್ಯಾಟ್. ಅರ್ಧ ನಷ್ಟ ಆದರೂ 700 ವ್ಯಾಟ್ ಕೈಗೆ ಸಿಗುತ್ತದೆ. ಜೂನಿನಿಂದ ಸೋಲಾರ್ ಮಲಗಿದಾಗ ಇದು ಓಡುತ್ತದೆ. ಫೆಬ್ರವರಿ, ಮಾರ್ಚಿನಲ್ಲಿ ಹಳ್ಳ ಬತ್ತಿದಾಗ ಬಿಸಿಲು ಚೆನ್ನಾಗಿರುತ್ತದೆ. ಎರಡನ್ನೂ ಸೇರಿಸಿ ಒಂದು ಮನೆಗೆ ವರ್ಷವಿಡೀ ಎಷ್ಟು ಬ್ಯಾಟರಿ ಸಾಕು ಅನ್ನುವುದನ್ನು ಊಹೆಯಿಂದಲ್ಲದೆ ಅಳತೆಯಿಂದ ಹೇಳಿದರೆ ಒಳ್ಳೆಯ ಕೆಲಸ. ಸಣ್ಣ ಟರ್ಬೈನಿಗೂ ದೊಡ್ಡ ಯೋಜನೆಗೂ ವ್ಯತ್ಯಾಸ ಇದೆ ಅನ್ನುವುದು ಸಕಲೇಶಪುರದ ಜನಕ್ಕೆ ಗೊತ್ತು. ಗುಂಡ್ಯ ಜಲವಿದ್ಯುತ್ ಯೋಜನೆ ಬೇಡ ಅಂತ 2011ರಲ್ಲಿ ಪಶ್ಚಿಮ ಘಟ್ಟದ ಬಗ್ಗೆ ವರದಿ ಕೊಟ್ಟ ಮಾಧವ ಗಾಡ್ಗೀಳ್ ಸಮಿತಿ ಹೇಳಿತು. ಹಸಿರು ಕರೆಂಟ್ ಅಂದ ತಕ್ಷಣ ಕಾಡಿಗೂ ಒಳ್ಳೆಯದು ಅಂತಲ್ಲ. ಸರ್ಕಾರದಲ್ಲಿ ಕೂತಾಗ ಇಂಥ ಕಡತ ನಿಮ್ಮ ಮೇಜಿಗೂ ಬರಬಹುದು, ಆಗ ಎರಡು ಕಡೆಯವರೂ ನಿಮ್ಮನ್ನು ಬೈಯುತ್ತಾರೆ.

ನಮ್ಮ ಕಡೆ ಕೆಲಸ ಸಿಗುತ್ತದಾ ಅಂತ ಕೇಳಿದ್ದೀರಿ. ಸಂಶೋಧನೆಯ ಕೆಲಸ ಇದೆ, ಆದರೆ ಬೆರಳೆಣಿಕೆ. ಹಾಸನ, ಚಿಕ್ಕಮಗಳೂರಿನ ಇಂಜಿನಿಯರಿಂಗ್ ಕಾಲೇಜುಗಳು, ಕಾರೇಕೆರೆಯ ಕೃಷಿ ಕಾಲೇಜು, ಬಾಳೆಹೊನ್ನೂರು. ಹಾಸನದ ಹತ್ತಿರ ಮಡೆನೂರಿನಲ್ಲಿ ಬೆಂಗಳೂರು ಕೃಷಿ ವಿಶ್ವವಿದ್ಯಾಲಯ ಕಟ್ಟಿದ ಜೈವಿಕ ಇಂಧನ ಉದ್ಯಾನ ಇದೆ. ಹೊಂಗೆ, ಬೇವು, ಹಿಪ್ಪೆ, ಸಿಮರೂಬ ಗಿಡಗಳ ಎಣ್ಣೆಯಿಂದ ಡೀಸೆಲ್ ಮಾಡುವ ಕೆಲಸ ಅಲ್ಲಿಂದ ಹಳ್ಳಿಗಳಿಗೆ ಹರಡಿತು. ಅಲ್ಲಿ ಹೋಗಿ ನೋಡುವಾಗ ಎಣ್ಣೆ ಹೇಗೆ ಡೀಸೆಲ್ ಆಗುತ್ತದೆ ಅಂತ ಕೇಳುವುದರ ಜೊತೆಗೆ ಬೀಜ ಆರಿಸುವ ಕೂಲಿ ಎಷ್ಟು, ಡೀಸೆಲ್ ಬೆಲೆ ಎಷ್ಟಿದ್ದರೆ ಇದು ಗಿಟ್ಟುತ್ತದೆ ಅಂತಲೂ ಕೇಳಿ. ಹಾಸನದಲ್ಲಿ ಇಸ್ರೋ ಕೇಂದ್ರ ಇದೆಯಲ್ಲ ಅಂತ ಹಲವರು ಕೇಳುತ್ತಾರೆ. ಅಲ್ಲಿನದ್ದು ಉಪಗ್ರಹ ನಿಯಂತ್ರಣದ ಕೆಲಸ, ನಿಮ್ಮ ದಾರಿ ಅದಲ್ಲ. ಹಾಗಾಗಿ ಮೊದಲ ಹತ್ತು ಹದಿನೈದು ವರ್ಷ ಹೊರಗೆ ಇರಲು ಮನಸ್ಸು ಮಾಡಿಕೊಳ್ಳಿ. ಗುರುಗ್ರಾಮದ ಚಳಿ, ಚೆನ್ನೈನ ಸೆಕೆ ಎರಡೂ ಮೂಡಿಗೆರೆಯವರಿಗೆ ಕಷ್ಟವೇ.

ಬಿಎಡ್ ಬೇಡ ಅಂತ ನಾನು ಹೇಳುವುದಿಲ್ಲ, ಒಳ್ಳೆಯ ಫಿಸಿಕ್ಸ್ ಟೀಚರ್ ನಮ್ಮ ಹೈಸ್ಕೂಲುಗಳಿಗೆ ಬೇಕೇ ಬೇಕು. ಆದರೆ ಎರಡು ದೋಣಿಯಲ್ಲಿ ಕಾಲಿಡಬೇಡಿ. ಸಿಎಸ್‌ಐಆರ್ ನೆಟ್ ವರ್ಷಕ್ಕೆ ಎರಡು ಸಲ ಇರುತ್ತದೆ. ಜೊತೆಗೆ ಪಿಎಚ್‌ಡಿ ಪ್ರವೇಶಕ್ಕೆ ನೆರವಾಗುವ ಗೇಟ್ ಮತ್ತು ಜೆಸ್ಟ್ ಪರೀಕ್ಷೆಗಳನ್ನೂ ಬರೆಯಿರಿ. ಪಿಎಚ್‌ಡಿ ಗೈಡ್ ಆಗಬಲ್ಲವರಿಗೆ ಪತ್ರ ಬರೆಯುವಾಗ 'ನನಗೆ ಹಸಿರು ಇಂಧನದಲ್ಲಿ ತುಂಬಾ ಆಸಕ್ತಿ' ಅಂತ ಬರೆಯಬೇಡಿ, ಅಂಥ ಪತ್ರ ಅವರಿಗೆ ದಿನಾ ಬರುತ್ತದೆ. ಈ ಸಲ ಪಲ್ಪಿಂಗ್ ಶುರುವಾದಾಗ ಒಂದು ಪಿಎಚ್ ಮೀಟರ್, ಒಂದು ಥರ್ಮಾಮೀಟರ್ ಹಿಡಿದು ನಿಮ್ಮ ತೋಟದ ಗುಂಡಿಯ ನೀರನ್ನು ಬೆಳಿಗ್ಗೆ, ಸಂಜೆ ಅಳೆಯಿರಿ. ಎಷ್ಟು ಚೀಲ ಹಣ್ಣಿಗೆ ಎಷ್ಟು ನೀರು ಹೋಯಿತು ಅಂತ ಅಪ್ಪನ ಹತ್ತಿರ ಕೇಳಿ ಬರೆದಿಡಿ. ಅದರ ಗ್ರಾಫ್ ಒಂದು ಪುಟದಲ್ಲಿ ಹಾಕಿ ಪತ್ರದ ಜೊತೆ ಕಳಿಸಿ.